ಸ್ಟೇಷನ್‌ನಲ್ಲಿ ಕ್ಯಾಮೆರಾ ಇಟ್ಟವನಿಗೆ ಪೊಲೀಸರು ರೀಲು ಕೇಳಿದ ರಾತ್ರಿ: 13 ನಿಮಿಷದ ಒಂದು ಸಿನಿಮಾ ನಮಗೆ ಯಾಕೆ ಬೇಕು?

ನಮ್ಮ ಬಸ್ ಸ್ಟ್ಯಾಂಡ್‌ನಲ್ಲಿ ನಾನು ಕ್ಯಾಮೆರಾ ಹಿಡಿದು ನಿಂತಿರೋದನ್ನ ನೀವು ನೋಡೇ ಇರ್ತೀರಿ. ಕ್ಯಾಮೆರಾ ಅಂದ್ರೆ ಮೊಬೈಲೇ. ಬಸ್ ಲೇಟು, ಮಳೆ ನೀರು ನಿಂತಿದೆ, ಸೋಮವಾರ ಬೆಳಗ್ಗೆ ಕಾಲೇಜು ಹುಡುಗರು ಫುಟ್‌ಬೋರ್ಡ್ ಮೇಲೆ ನೇತಾಡ್ತಿದ್ದಾರೆ. ಇಂಥ ಸುದ್ದಿಗೆ 40 ಸೆಕೆಂಡ್ ವಿಡಿಯೋ ಸಾಕು. ಯಾರನ್ನೂ ಕೇಳೋದಿಲ್ಲ. ಸಾರ್ವಜನಿಕ ಜಾಗ ತಾನೇ ಅಂತ ಅಂದ್ಕೊಂಡಿರ್ತೀವಿ.

ಹೋದ ವರ್ಷ ಹೀಗೇ ಒಂದು ವಿಡಿಯೋ ಹಾಕಿದೆ. ಬಸ್ ಕಡಿಮೆ, ಜನ ಜಾಸ್ತಿ ಅನ್ನೋ ಸುದ್ದಿ. ಒಳ್ಳೆ ಓಟ ಓಡಿತು. ನಾಲ್ಕು ದಿನ ಆದಮೇಲೆ ಒಬ್ಬ ಹುಡುಗ ನನ್ನ ಹುಡುಕಿಕೊಂಡು ಬಂದ. ಅಂಗಡಿಯೊಂದರಲ್ಲಿ ಕೆಲಸಕ್ಕಿದ್ದವನು. ಜ್ವರ ಅಂತ ರಜೆ ಹೇಳಿ ಬೇರೆ ಊರಿಗೆ ಇಂಟರ್‌ವ್ಯೂಗೆ ಹೊರಟಿದ್ದನಂತೆ. ನನ್ನ ವಿಡಿಯೋದ ಮೂಲೆಯಲ್ಲಿ ಮೂರು ಸೆಕೆಂಡ್ ಅವನ ಮುಖ ಇತ್ತು. ಮಾಲೀಕರು ನೋಡಿದರು, ನಾಳೆಯಿಂದ ಬರಬೇಡ ಅಂದರು. ಇಂಟರ್‌ವ್ಯೂನಲ್ಲೂ ಆಗಲಿಲ್ಲ. ಅವನು ನನ್ನ ಮೇಲೆ ಕೂಗಾಡಲಿಲ್ಲ. "ಅಣ್ಣ, ನೀವು ನನ್ನ ವಿಡಿಯೋ ತೆಗೆದಿದ್ದಲ್ಲ, ಬಸ್ಸಿಂದು ತೆಗೆದಿದ್ದು, ಗೊತ್ತು" ಅಂದ. ಅಷ್ಟೇ ಹೇಳಿ ಹೋದ. ಬೈದಿದ್ದರೇ ಚೆನ್ನಾಗಿತ್ತು ಅನ್ನಿಸಿತು.

ಈ ವಿಷಯ ಪರಿಚಯದವರೊಬ್ಬರ ಹತ್ತಿರ ಹೇಳಿಕೊಂಡಾಗ ಅವರು ಹೇಳಿದ್ದು: "ಪೋಲೆಂಡಿನ ಒಬ್ಬ ನಿರ್ದೇಶಕನಿಗೂ ರೈಲ್ವೆ ಸ್ಟೇಷನ್‌ನಲ್ಲಿ ಹೀಗೇ ಆಗೋದರಲ್ಲಿತ್ತು. ಅವನು ಆ ಥರ ಸಿನಿಮಾ ಮಾಡೋದನ್ನೇ ಬಿಟ್ಟ, ನೋಡು." ನೋಡಿದೆ. ಓದಿದೆ. ಆ ಕಥೆ ನಿಮಗೂ ಹೇಳಬೇಕು ಅನ್ನಿಸಿತು. ಯಾಕಂದ್ರೆ ಇವತ್ತು ಕ್ಯಾಮೆರಾ ನನ್ನ ಕೈಯಲ್ಲಿ ಮಾತ್ರ ಇಲ್ಲ, ನಿಮ್ಮ ಅಂಗಡಿ ಬಾಗಿಲ ಮೇಲೂ ಇದೆ.

ಯಾರು ಈ ನಿರ್ದೇಶಕ?

ಹೆಸರು ಕ್ರಿಸ್ತಾಫ್ ಕೀಸ್ಲೋವ್‌ಸ್ಕಿ. ಹುಟ್ಟಿದ್ದು 1941ರಲ್ಲಿ, ಪೋಲೆಂಡಿನ ರಾಜಧಾನಿ ವಾರ್ಸಾದಲ್ಲಿ. ಹುಡುಗನಾಗಿದ್ದಾಗ ಅಗ್ನಿಶಾಮಕ ತರಬೇತಿಗೆ ಸೇರಿ, ಸ್ವಲ್ಪ ದಿನಕ್ಕೇ ಬಿಟ್ಟು ಬಂದವನು. ಆಮೇಲೆ ಊಜ್ ನಗರದ ಪ್ರಸಿದ್ಧ ಸಿನಿಮಾ ಶಾಲೆಯಲ್ಲಿ ಕಲಿತ. ಸಿನಿಮಾ ಹುಚ್ಚಿರುವವರು 'ಡೆಕಲಾಗ್', 'ತ್ರೀ ಕಲರ್ಸ್' ಹೆಸರು ಕೇಳಿರಬಹುದು. ಅವೆಲ್ಲ ಇವನದ್ದೇ. 1996ರಲ್ಲಿ 54ನೇ ವಯಸ್ಸಿಗೆ ತೀರಿಕೊಂಡ.

ಆದರೆ ಜಗತ್ತಿಗೆ ಅವನ ಹೆಸರು ಗೊತ್ತಾಗೋ ಮೊದಲು ಹತ್ತಾರು ವರ್ಷ ಅವನು ಮಾಡಿದ್ದು ಸಣ್ಣ ಸಣ್ಣ ಸಾಕ್ಷ್ಯಚಿತ್ರ. 1966ರಲ್ಲಿ ವಿದ್ಯಾರ್ಥಿಯಾಗಿದ್ದಾಗಲೇ ಒಂದು ಸರ್ಕಾರಿ ಕಚೇರಿಯ ಕಿಟಕಿ ಮುಂದೆ ಕ್ಯಾಮೆರಾ ಇಟ್ಟ. ಕ್ಯೂನಲ್ಲಿ ನಿಂತ ಜನ, ಆಚೆ ಕಡೆ ಕೂತ ಗುಮಾಸ್ತರು, ಈ ಕಾಗದ ತನ್ನಿ, ಆ ಸೀಲ್ ಹಾಕಿಸಿ. ತಾಲೂಕು ಕಚೇರಿಗೆ ಒಂದು ಸಲ ಹೋಗಿ ಬಂದವರಿಗೆ ಆ ಸಿನಿಮಾ ಅರ್ಥ ಆಗೋಕೆ ಭಾಷೆ ಬೇಕಿಲ್ಲ. 1976ರಲ್ಲಿ ಆಸ್ಪತ್ರೆ ಡಾಕ್ಟರುಗಳ ದೀರ್ಘ ಪಾಳಿಯ ಮೇಲೆ ಮಾಡಿದ.

ಇಂಥ ಸಿನಿಮಾಗಳಲ್ಲಿ ಅವನ ಕೆಲಸದ ರೀತಿ ಇಷ್ಟೇ: ಜನ ದಿನಾ ಹೋಗಿ ಬರೋ ಒಂದು ಜಾಗ ಹಿಡಿಯೋದು, ಅಲ್ಲಿ ಕಾಯೋದು. ವಿವರಣೆ ಧ್ವನಿ ಇಲ್ಲ, ಮೈಕ್ ಮುಖಕ್ಕೆ ಹಿಡಿದು 'ನಿಮಗೆ ಏನನ್ನಿಸ್ತಿದೆ' ಅಂತ ಕೇಳೋದಿಲ್ಲ.

ನಿಲ್ದಾಣವೇ ಯಾಕೆ?

1980ರಲ್ಲಿ ಅವನು ಹಿಡಿದ ಜಾಗ ವಾರ್ಸಾ ಸೆಂಟ್ರಲ್ ರೈಲ್ವೆ ಸ್ಟೇಷನ್. ಸಿನಿಮಾ ಹೆಸರು 'ದ್ವೋಜೆಟ್ಸ್'. ಪೋಲಿಷ್ ಭಾಷೆಯಲ್ಲಿ ನಿಲ್ದಾಣ ಅಂತ ಅರ್ಥ. ಉದ್ದ ಸುಮಾರು 13 ನಿಮಿಷ.

ಈ ಸ್ಟೇಷನ್ ಬಗ್ಗೆ ಒಂದು ಮಾತು ಹೇಳಬೇಕು. ಉದ್ಘಾಟನೆ ಆಗಿದ್ದು 1975ರ ಡಿಸೆಂಬರ್‌ನಲ್ಲಿ. ಆಗ ಪೋಲೆಂಡಿನಲ್ಲಿ ಕಮ್ಯುನಿಸ್ಟ್ ಸರ್ಕಾರ. ಸೋವಿಯತ್ ನಾಯಕ ಬ್ರೆಜ್ನೆವ್ ಬರೋ ಹೊತ್ತಿಗೆ ಮುಗಿಸಲೇಬೇಕು ಅಂತ ಅವಸರದಲ್ಲಿ ಕಟ್ಟಿದ್ದು. ದೊಡ್ಡ ಹಾಲು, ನೆಲದಡಿಯಲ್ಲಿ ಪ್ಲಾಟ್‌ಫಾರ್ಮ್, ಎಸ್ಕಲೇಟರ್, ತಾನೇ ತೆರೆದುಕೊಳ್ಳುವ ಬಾಗಿಲು. ನಮ್ಮ ದೇಶ ಎಷ್ಟು ಮುಂದುವರಿದಿದೆ ನೋಡಿ ಅಂತ ತೋರಿಸೋಕೆ ಕಟ್ಟಿದ ಕಟ್ಟಡ. ಮಂತ್ರಿ ಬರ್ತಾರೆ ಅಂದ್ರೆ ರಾತ್ರೋರಾತ್ರಿ ಡಾಂಬರು ಹಾಕೋದು ನಮಗೇನು ಹೊಸದಾ? ಅವಸರದ ಕೆಲಸದ ದೋಷಗಳು ಅಲ್ಲೂ ಬೇಗನೇ ಹೊರಗೆ ಬಂದವು.

1980ರ ಹೊತ್ತಿಗೆ ದೇಶದ ಪರಿಸ್ಥಿತಿ ಕೆಟ್ಟಿತ್ತು. ಮಾಂಸಕ್ಕೆ ಕ್ಯೂ, ಸಾಮಾನಿಗೆ ಕ್ಯೂ. ಆ ವರ್ಷದ ಜುಲೈನಲ್ಲಿ ಸರ್ಕಾರ ಮಾಂಸದ ಬೆಲೆ ಏರಿಸಿದ್ದೇ ಮುಷ್ಕರಗಳು ಶುರುವಾದವು. ಆಗಸ್ಟ್‌ನಲ್ಲಿ ಗ್ದಾನ್ಸ್ಕ್ ಹಡಗುಕಟ್ಟೆಯ ಕಾರ್ಮಿಕರು ಎದ್ದು ನಿಂತರು, ಸಾಲಿಡಾರಿಟಿ ಸಂಘಟನೆ ಹುಟ್ಟಿತು.

ಇಂಥ ಕಾಲದಲ್ಲಿ ದೇಶ ಹೇಗಿದೆ ಅಂತ ತೋರಿಸಬೇಕಾದ್ರೆ ಎಲ್ಲಿಗೆ ಹೋಗಬೇಕು? ನಿಲ್ದಾಣಕ್ಕೆ. ಅಲ್ಲಿ ಎಲ್ಲರೂ ಬರಲೇಬೇಕು. ರೈತ, ಸೈನಿಕ, ಮಗು ಎತ್ತಿಕೊಂಡ ತಾಯಿ, ಊರು ಬಿಟ್ಟು ಹೊರಟ ಹುಡುಗಿ, ಕೆಲಸ ಹುಡುಕಿಕೊಂಡು ಬಂದವನು. ಜೊತೆಗೆ ಅಲ್ಲಿ ಎಲ್ಲರೂ ಕಾಯ್ತಾ ಇರ್ತಾರೆ. ಕಾಯೋ ಮನುಷ್ಯ ಮುಖವಾಡ ಹಾಕಿಕೊಳ್ಳೋದಿಲ್ಲ. ಮದುವೆ ಮನೆಯಲ್ಲಿ ನಗ್ತೀವಿ, ಕಚೇರಿಯಲ್ಲಿ ಬಗ್ಗುತ್ತೀವಿ. ಬಸ್ ಸ್ಟ್ಯಾಂಡ್ ಬೆಂಚಿನ ಮೇಲೆ ಮಾತ್ರ ಹೇಗಿದೀವೋ ಹಾಗೇ ಕೂತಿರ್ತೀವಿ. ಸಾಕ್ಷ್ಯಚಿತ್ರ ಮಾಡೋರು ಪ್ರಪಂಚದ ಎಲ್ಲ ಕಡೆ ನಿಲ್ದಾಣಗಳಿಗೆ ಹೋಗೋದು ಇದಕ್ಕೇ.

ಸಿನಿಮಾದಲ್ಲಿ ಏನಿದೆ?

ಹೇಳಿದರೆ ಏನೂ ಇಲ್ಲ. ನಿಲ್ದಾಣದ ಟಿವಿಯಲ್ಲಿ ಸರ್ಕಾರಿ ವಾರ್ತೆ ಬರ್ತಿದೆ. ಕೆಳಗೆ ಜನ ಲೇಟಾದ ರೈಲಿಗೆ ಕಾಯ್ತಿದ್ದಾರೆ. ಟಿಕೆಟ್ ಕಿಟಕಿ ಮುಂದೆ ಸಾಲು. ಸೂಟ್‌ಕೇಸ್ ಮೇಲೆ ತಲೆಯಿಟ್ಟು ಮಲಗಿದವರು. ಟಿವಿಯ ಮಾತಿಗೂ ಕೂತ ಜನರ ಮುಖಕ್ಕೂ ಸಂಬಂಧವೇ ಇಲ್ಲ. ನಿರ್ದೇಶಕ ಒಂದು ಮಾತೂ ಹೇಳೋದಿಲ್ಲ. ಎರಡನ್ನೂ ಅಕ್ಕಪಕ್ಕ ಇಡ್ತಾನೆ, ಅಷ್ಟೇ. ಉಳಿದದ್ದು ನೋಡುವವನ ತಲೆಯಲ್ಲಿ ನಡೆಯುತ್ತೆ.

ಈ ನಡುವೆ ಇನ್ನೊಂದು ದೃಶ್ಯ ಮತ್ತೆ ಮತ್ತೆ ಬರುತ್ತೆ. ನಿಲ್ದಾಣದ ಚಾವಣಿಗೆ ಹಾಕಿದ ಕಣ್ಗಾವಲು ಕ್ಯಾಮೆರಾ. 1980ರಲ್ಲಿ! ಅದು ಮೇಲಿಂದ ಎಲ್ಲರನ್ನೂ ನೋಡ್ತಿದೆ. ಕೊನೆಯ ಭಾಗದಲ್ಲಿ ಗೊತ್ತಾಗುತ್ತೆ: ಒಂದು ಕೋಣೆಯಲ್ಲಿ ಪರದೆಗಳ ಮುಂದೆ ಕೂತು ಒಬ್ಬ ಮನುಷ್ಯ ಇವರನ್ನೆಲ್ಲ ಗಮನಿಸ್ತಿದ್ದಾನೆ. ಅಲ್ಲಿಗೆ ನಮಗೂ ಸ್ವಲ್ಪ ಇರುಸುಮುರುಸು ಆಗುತ್ತೆ. ಇಷ್ಟು ಹೊತ್ತು ನಾವೂ ಅವನ ಹಾಗೇ ಕೂತು ನೋಡ್ತಿದ್ವಲ್ಲ?

ಆ ರಾತ್ರಿ ಏನಾಯ್ತು?

ಈಗ ನಿಜವಾದ ಕಥೆಗೆ ಬರೋಣ. ಇದನ್ನು ಕೀಸ್ಲೋವ್‌ಸ್ಕಿಯೇ ಆಮೇಲೆ ಸಂದರ್ಶನದಲ್ಲಿ ಹೇಳಿಕೊಂಡಿದ್ದಾನೆ, ಅದು ಪುಸ್ತಕವಾಗಿಯೂ ಬಂದಿದೆ.

ಸ್ಟೇಷನ್‌ನಲ್ಲಿ ಆಗ ನಾಣ್ಯ ಹಾಕಿ ಬೀಗ ಹಾಕೋ ಲಗೇಜ್ ಲಾಕರ್‌ಗಳು ಹೊಸದಾಗಿ ಬಂದಿದ್ದವು. ಬೇರೆ ಊರುಗಳಿಂದ ಬಂದ ಜನಕ್ಕೆ ಅದನ್ನು ಹೇಗೆ ಬಳಸೋದು ಅಂತ ಗೊತ್ತಾಗ್ತಿರಲಿಲ್ಲ. ಸೂಚನೆ ಓದೋದು, ನಾಣ್ಯ ಹಾಕೋದು, ಕೀಲಿ ತಿರುಗಿಸೋದು, ಆಗದೇ ಬಾಗಿಲಿಗೆ ಗುದ್ದೋದು. ಮೊದಮೊದಲು ಎಟಿಎಂ ಬಂದಾಗ ನಮ್ಮಲ್ಲಿ ಎಷ್ಟು ಜನ ಕಾರ್ಡ್ ಹಿಡಿದು ಒದ್ದಾಡಿದ್ದರು, ನೆನಪಿದೆಯಲ್ವಾ? ಹಾಗೇ. ಕೀಸ್ಲೋವ್‌ಸ್ಕಿ ಮತ್ತು ಅವನ ತಂಡ ಕ್ಯಾಮೆರಾವನ್ನು ಅರ್ಧ ಮರೆಮಾಡಿ ಇದನ್ನು ಚಿತ್ರೀಕರಿಸಿದರು. ತಮಾಷೆಯ ದೃಶ್ಯಗಳು ಸಿಕ್ಕವು.

ರಾತ್ರಿಯೆಲ್ಲ ಶೂಟಿಂಗ್ ಮುಗಿಸಿ ಬೆಳಗಿನ ಜಾವ ಸ್ಟುಡಿಯೋಗೆ ಬಂದರೆ ಪೊಲೀಸರು ಕಾಯ್ತಾ ನಿಂತಿದ್ದರು. ಆ ರಾತ್ರಿ ತೆಗೆದ ನೆಗೆಟಿವ್ ಎಲ್ಲ ವಶಕ್ಕೆ ತಗೊಂಡು ಹೋದರು. ಕಾರಣ ಹೇಳಲಿಲ್ಲ.

ಕೀಸ್ಲೋವ್‌ಸ್ಕಿಗೆ ಇದು ರಾಜಕೀಯ ಅನ್ನಿಸಿತು. ಅನ್ನಿಸದೇ ಇರುತ್ತಾ? ಕೆಲವು ವರ್ಷ ಹಿಂದೆ ಕಾರ್ಮಿಕರ ಮೇಲೆ ಸಿನಿಮಾ ಮಾಡುವಾಗ ಅವನ ಧ್ವನಿ ಟೇಪ್‌ಗಳು ಎಡಿಟಿಂಗ್ ಕೋಣೆಯಿಂದ ಮಾಯವಾಗಿ, ಅವನನ್ನೇ ಕರೆಸಿ ವಿಚಾರಣೆ ಮಾಡಿದ್ದರು.

ಕೆಲವು ದಿನ ಬಿಟ್ಟು ರೀಲುಗಳು ವಾಪಸ್ ಬಂದವು. ಆಗ ವಿಷಯ ಗೊತ್ತಾಯಿತು. ಒಬ್ಬ ಯುವತಿ ತನ್ನ ತಾಯಿಯನ್ನು ಕೊಂದು, ದೇಹವನ್ನು ತುಂಡು ಮಾಡಿ, ಎರಡು ಸೂಟ್‌ಕೇಸ್‌ಗಳಲ್ಲಿ ತುಂಬಿ, ಇದೇ ಸ್ಟೇಷನ್‌ನ ಲಾಕರ್‌ನಲ್ಲಿ ಇಟ್ಟಿದ್ದಳು. ಅದು ಇವರು ಚಿತ್ರೀಕರಣ ಮಾಡಿದ ರಾತ್ರಿಯೇ ಇರಬೇಕು ಅಂತ ಪೊಲೀಸರ ಲೆಕ್ಕ. ರೀಲಿನಲ್ಲಿ ಅವಳ ಮುಖ ಸಿಗುತ್ತಾ ಅಂತ ನೋಡೋಕೆ ತಗೊಂಡು ಹೋಗಿದ್ದರು.

ಸಿಗಲಿಲ್ಲ. ಅವರು ಅವಳನ್ನು ಚಿತ್ರೀಕರಿಸಿರಲಿಲ್ಲ. ಅವಳು ಆಮೇಲೆ ಬೇರೆ ದಾರಿಯಿಂದ ಸಿಕ್ಕಿಬಿದ್ದಳು.

ಕಥೆ ಇಲ್ಲಿಗೇ ಮುಗಿಯಬೇಕಿತ್ತು. ಕೀಸ್ಲೋವ್‌ಸ್ಕಿಗೆ ಮುಗಿಯಲಿಲ್ಲ. ಕ್ಯಾಮೆರಾ ಸ್ವಲ್ಪ ಎಡಕ್ಕೋ ಬಲಕ್ಕೋ ತಿರುಗಿದ್ದರೆ ಏನಾಗ್ತಿತ್ತು ಅನ್ನೋ ಯೋಚನೆ ಅವನನ್ನು ಬಿಡಲಿಲ್ಲ. ಅವಳು ರೀಲಿನಲ್ಲಿ ಇದ್ದಿದ್ದರೆ, ತಾನು ಕೇಳದೇ, ಒಪ್ಪದೇ, ಗೊತ್ತಿಲ್ಲದೇ ಪೊಲೀಸರ ಕೈಯಾಳು ಆಗಿಬಿಡ್ತಿದ್ದೆ ಅಂತ ಅವನಿಗೆ ಅನ್ನಿಸಿತು. ಆ ಥರದ ಸಿನಿಮಾ ಇನ್ನು ಸಾಕು ಅಂತ ತೀರ್ಮಾನ ಮಾಡಿದ್ದು ಅದೇ ಹೊತ್ತಿನಲ್ಲಿ.

ಕೊಲೆಗಾರ್ತಿ ಸಿಕ್ಕಿಬಿದ್ದರೆ ತಪ್ಪೇನು?

ನೀವು ಕೇಳೋದು ಸರಿ. ನಾನೂ ಮೊದಲು ಇದೇ ಕೇಳಿದೆ. ತಾಯಿಯನ್ನು ಕೊಂದವಳು ಸಿಕ್ಕರೆ ಒಳ್ಳೇದೇ ಅಲ್ವಾ?

ಇಲ್ಲಿ ಎರಡು ವಿಷಯ ಗಮನಿಸಬೇಕು. ಒಂದು, ಅವತ್ತಿನ ಪೋಲೆಂಡಿನಲ್ಲಿ ಪೊಲೀಸರು ಕೊಲೆಗಾರರನ್ನು ಮಾತ್ರ ಹುಡುಕ್ತಿರಲಿಲ್ಲ. ಸರ್ಕಾರದ ವಿರುದ್ಧ ಮಾತಾಡೋರನ್ನೂ ಹುಡುಕ್ತಿದ್ದರು. 1981ರ ಡಿಸೆಂಬರ್ 13ರಂದು ಅಲ್ಲಿ ಸೇನಾಡಳಿತವೇ ಬಂತು, ಸಾವಿರಾರು ಜನರನ್ನು ಹಿಡಿದು ಒಳಗೆ ಹಾಕಿದರು. ಇವತ್ತು ಕೊಲೆಗಾರ್ತಿಗಾಗಿ ತಗೊಂಡ ರೀಲನ್ನು ನಾಳೆ ಮುಷ್ಕರದ ಕರಪತ್ರ ಹಂಚಿದವನಿಗಾಗಿ ತಗೋಬಹುದು. ರೀಲಿಗೆ ವ್ಯತ್ಯಾಸ ಗೊತ್ತಾಗೋದಿಲ್ಲ.

ಎರಡನೇದು ಇನ್ನೂ ಮುಖ್ಯ. ನಮ್ಮ ಕನ್ನಡದ ಪದವನ್ನೇ ನೋಡಿ: ಸಾಕ್ಷ್ಯಚಿತ್ರ. ಸಾಕ್ಷ್ಯ ಅಂದರೆ ಕೋರ್ಟಿನಲ್ಲಿ ಬಳಸೋ ಪದವೇ. ಅವನು ಮಾಡಲು ಹೋಗಿದ್ದು ಚಿತ್ರ. ಬೇರೆಯವರ ಕೈಗೆ ಹೋದ ತಕ್ಷಣ ಅದು ಸಾಕ್ಷ್ಯ. ತೆಗೆದವನ ಉದ್ದೇಶ ಏನಿತ್ತು ಅಂತ ಆಮೇಲೆ ಯಾರೂ ಕೇಳೋದಿಲ್ಲ. ಲಾಕರ್ ಮುಂದೆ ಒದ್ದಾಡುವ ಪಾಪದ ಜನರನ್ನು ನೋಡಿ ನಗೋಣ ಅಂತ ತೆಗೆದದ್ದು, ಕೊಲೆ ಕೇಸಿನ ಫೈಲು ಸೇರೋದರಲ್ಲಿತ್ತು.

ನನ್ನ ವಿಡಿಯೋದ ಹುಡುಗನ ಕಥೆಯೂ ಇದೇ ತಾನೇ? ನಾನು ತೆಗೆದದ್ದು ಬಸ್ಸು. ಮಾಲೀಕರು ನೋಡಿದ್ದು ಸುಳ್ಳು ಹೇಳಿದ ಕೆಲಸಗಾರ. ಅವರ ಕಡೆಯಿಂದ ನೋಡಿದರೆ ಅವರಿಗೂ ಕೋಪ ಬರಲು ಕಾರಣ ಇತ್ತು. ಆದರೆ ಆ ಸುಳ್ಳನ್ನು ಹಿಡಿದುಕೊಟ್ಟವನು ನಾನು, ನನಗೇ ಗೊತ್ತಿಲ್ಲದೇ.

ಇದೇ ಮಾತನ್ನು ಅವನು ಮೊದಲೂ ಹೇಳಿದ್ದ

ಸ್ಟೇಷನ್ ಘಟನೆ ಕೀಸ್ಲೋವ್‌ಸ್ಕಿಗೆ ಏಕಾಏಕಿ ಬಡಿದ ಸಿಡಿಲಲ್ಲ. ಅನುಮಾನ ಮೊದಲೇ ಶುರುವಾಗಿತ್ತು. 1977ರಲ್ಲಿ ಒಬ್ಬ ಕಾವಲುಗಾರನ ಮೇಲೆ ಸಿನಿಮಾ ಮಾಡಿದ್ದ. ಆ ಮನುಷ್ಯನಿಗೆ ಶಿಸ್ತು, ದಂಡನೆ, ಜನರನ್ನು ಹಿಡಿಯೋದು ಅಂದರೆ ಪ್ರಾಣ. ಕ್ಯಾಮೆರಾ ಮುಂದೆ ಎಲ್ಲವನ್ನೂ ಹೆಮ್ಮೆಯಿಂದ ಹೇಳಿಕೊಂಡ. ಸಿನಿಮಾಗೆ ಹೆಸರು ಬಂತು. ಆದರೆ ಅದನ್ನು ಟಿವಿಯಲ್ಲಿ ಹಾಕೋದು ಬೇಡ ಅಂತ ಕೀಸ್ಲೋವ್‌ಸ್ಕಿಯೇ ಅಡ್ಡ ನಿಂತ. ಟಿವಿಯಲ್ಲಿ ಬಂದರೆ ನೆರೆಹೊರೆಯವರು, ಸಂಬಂಧಿಕರು ನೋಡ್ತಾರೆ, ಆ ಮನುಷ್ಯನ ಬದುಕು ನಗೆಪಾಟಲಾಗುತ್ತೆ ಅನ್ನೋದು ಅವನ ಭಯ. ಒಳ್ಳೆ ವಿಡಿಯೋ ಕೈಯಲ್ಲಿಟ್ಟುಕೊಂಡು ಹಾಕದೇ ಇರೋದು ಎಷ್ಟು ಕಷ್ಟ ಅಂತ ನಮ್ಮಂಥವರಿಗೆ ಗೊತ್ತು.

1979ರಲ್ಲಿ ಬಂದ ಅವನ ಕಥಾಚಿತ್ರ 'ಕ್ಯಾಮೆರಾ ಬಫ್' ನನಗೆ ನಮ್ಮೂರಿನದ್ದೇ ಅನ್ನಿಸಿತು. ಒಬ್ಬ ಫ್ಯಾಕ್ಟರಿ ನೌಕರ ಹುಟ್ಟಿದ ಮಗುವನ್ನು ತೆಗೆಯೋಕೆ ಕ್ಯಾಮೆರಾ ಕೊಳ್ತಾನೆ. ಆಮೇಲೆ ಫ್ಯಾಕ್ಟರಿಯನ್ನೂ, ಊರನ್ನೂ ತೆಗೆಯೋಕೆ ಶುರು ಮಾಡ್ತಾನೆ. ಬಹುಮಾನ ಬರುತ್ತೆ. ಆದರೆ ಅವನ ಸಿನಿಮಾದಿಂದ ಅವನಿಗೆ ಒಳ್ಳೇದು ಮಾಡಿದ ಒಬ್ಬರ ಕೆಲಸ ಹೋಗುತ್ತೆ, ಹೆಂಡತಿಯೂ ಮನೆ ಬಿಟ್ಟು ಹೋಗ್ತಾಳೆ. ಕೊನೆಗೆ ಅವನು ಕ್ಯಾಮೆರಾವನ್ನು ತನ್ನ ಕಡೆಗೇ ತಿರುಗಿಸಿಕೊಳ್ತಾನೆ.

ಲಂಡನ್ನಿನ ಅಳುವ ಹುಡುಗ

ಇದು ಪೊಲೀಸರ ಭಯ ಇದ್ದ ದೇಶದ ಸಮಸ್ಯೆ ಮಾತ್ರ ಅಂತ ಅಂದುಕೊಳ್ಳಬೇಡಿ. ಅದಕ್ಕೂ ಸುಮಾರು 20 ವರ್ಷ ಮೊದಲು, 1961ರಲ್ಲಿ, ಲಂಡನ್ನಿನ ವಾಟರ್‌ಲೂ ಸ್ಟೇಷನ್ ಮೇಲೆ 'ಟರ್ಮಿನಸ್' ಅಂತ ಒಂದು ಸಾಕ್ಷ್ಯಚಿತ್ರ ಬಂತು. ನಿರ್ದೇಶಕ ಜಾನ್ ಶ್ಲೆಸಿಂಜರ್. ಮುಂದೆ ಹಾಲಿವುಡ್‌ನಲ್ಲಿ ಆಸ್ಕರ್ ಗೆದ್ದವನು. ಸುಮಾರು 33 ನಿಮಿಷದಲ್ಲಿ ಸ್ಟೇಷನ್ನಿನ ಒಂದು ಇಡೀ ದಿನ. ವೆನಿಸ್ ಚಿತ್ರೋತ್ಸವದಲ್ಲಿ ಪ್ರಶಸ್ತಿಯೂ ಬಂತು.

ಅದರಲ್ಲಿ ಎಲ್ಲರ ಮನಸ್ಸಲ್ಲಿ ಉಳಿಯೋದು ಒಂದು ದೃಶ್ಯ: ಸುಮಾರು ಐದು ವರ್ಷದ ಹುಡುಗ ಜನಜಂಗುಳಿಯಲ್ಲಿ ತಾಯಿ ಕೈ ತಪ್ಪಿ ಅಳ್ತಾನೆ. ನಿಜ ಏನಂದ್ರೆ ಅದು ಮೊದಲೇ ಮಾತಾಡಿಕೊಂಡು ಮಾಡಿದ್ದು. ತಾಯಿ ನಟಿ, ಬೇಕಂತಲೇ ಹುಡುಗನನ್ನು ಬಿಟ್ಟು ಮರೆಯಾದಳು. ಹುಡುಗನಿಗೆ ಮಾತ್ರ ಅದು ಗೊತ್ತಿರಲಿಲ್ಲ. ಅವನ ಕಣ್ಣೀರು ನಿಜವಾದದ್ದು. ಮಗು ಆಮೇಲೆ ತಾಯಿ ಮಡಿಲು ಸೇರಿತು, ಸರಿ. ಆದರೆ ಆ ಅಳು ಪ್ರಪಂಚ ಪೂರ್ತಿ ನೋಡಿತು.

ಕೀಸ್ಲೋವ್‌ಸ್ಕಿಗೆ ಇದ್ದ ಅಳುಕೂ ಇಂಥದ್ದೇ. ಜನರ ನಿಜವಾದ ಕಣ್ಣೀರನ್ನು ಚಿತ್ರೀಕರಿಸೋ ಹಕ್ಕು ನನಗೆ ಇದೆಯಾ ಅಂತ ಅವನು ಕೇಳಿಕೊಂಡ. ನಟರಾದರೆ ಕಣ್ಣಿಗೆ ಔಷಧ ಹಾಕಿ ಅಳಿಸಬಹುದು, ಅದರಿಂದ ಯಾರ ಮನೆಯೂ ಹಾಳಾಗೋದಿಲ್ಲ. ಹಾಗಾಗಿ ಮೆಲ್ಲಗೆ ಕಥಾಚಿತ್ರಗಳ ಕಡೆ ಹೊರಳಿದ.

ಆದರೆ ಸ್ಟೇಷನ್ ಅವನನ್ನು ಬಿಡಲಿಲ್ಲ. 1981ರಲ್ಲಿ ಮಾಡಿದ 'ಬ್ಲೈಂಡ್ ಚಾನ್ಸ್' ಕಥೆ ನಿಂತಿರೋದೇ ರೈಲಿನ ಹಿಂದೆ ಓಡುವ ಹುಡುಗನ ಮೇಲೆ. ರೈಲು ಸಿಕ್ಕರೆ ಒಂದು ಬದುಕು, ತಪ್ಪಿದರೆ ಇನ್ನೊಂದು. ಮೂರು ರೀತಿಯಲ್ಲಿ ಕಥೆ ನಡೆಯುತ್ತೆ. ಸರ್ಕಾರ ಅದನ್ನು ತಡೆಹಿಡಿಯಿತು, ಬಿಡುಗಡೆ ಆಗಿದ್ದು 1987ರಲ್ಲಿ. ಇನ್ನು 1994ರ 'ರೆಡ್' ಸಿನಿಮಾದಲ್ಲಿ ಒಬ್ಬ ನಿವೃತ್ತ ಜಡ್ಜ್ ಕೂತಲ್ಲೇ ನೆರೆಯವರ ಫೋನ್ ಕದ್ದು ಕೇಳ್ತಿರ್ತಾನೆ. ಎಲ್ಲ ಗೊತ್ತು, ಯಾರಿಗೂ ಉಪಯೋಗ ಇಲ್ಲ. ಸ್ಟೇಷನ್ನಿನ ಪರದೆ ಮುಂದೆ ಕೂತಿದ್ದ ಆ ಮನುಷ್ಯನೇ ಇಲ್ಲಿಗೂ ಬಂದ ಹಾಗಿದೆ.

ಅಂಗಡಿಯವರಿಗೆ ಎರಡು ಮಾತು

ಈಗ ನಮ್ಮ ಬಜಾರಿಗೆ ಬರೋಣ. 1980ರಲ್ಲಿ ವಾರ್ಸಾ ಸ್ಟೇಷನ್ನಿನಲ್ಲಿ ಇದ್ದ ಆ ಪರದೆ ಕೋಣೆ ಇವತ್ತು ನಿಮ್ಮ ಗಲ್ಲಾಪೆಟ್ಟಿಗೆ ಪಕ್ಕದಲ್ಲಿದೆ. ರಾಜ್ಯದಲ್ಲಿ 2017ರಲ್ಲಿ ಬಂದ ಸಾರ್ವಜನಿಕ ಸುರಕ್ಷತಾ ಕಾಯ್ದೆ ಪ್ರಕಾರ ಹೆಚ್ಚು ಜನ ಸೇರೋ ವ್ಯಾಪಾರ ಸ್ಥಳಗಳು ಸಿಸಿಟಿವಿ ಹಾಕಿ, 30 ದಿನದ ದೃಶ್ಯ ಇಟ್ಟುಕೊಳ್ಳಬೇಕು, ಪೊಲೀಸರು ಕೇಳಿದರೆ ಕೊಡಬೇಕು. ಕಳ್ಳತನ, ಸರ ಕಿತ್ತುಕೊಂಡು ಹೋಗೋದು, ಅಪಘಾತ ಮಾಡಿ ಓಡಿಹೋಗೋದು, ಇಂಥ ಕೇಸುಗಳಲ್ಲಿ ಅಂಗಡಿ ಕ್ಯಾಮೆರಾ ದೊಡ್ಡ ಸಹಾಯ. ಅದನ್ನು ಬೇಡ ಅನ್ನೋ ಮಾತೇ ಇಲ್ಲ.

ತೊಂದರೆ ಇರೋದು ಬೇರೆ ಕಡೆ. ಪೊಲೀಸರು ತನಿಖೆಗೆ ಅಂತ ಕೇಳೋದು ಒಂದು. ಪಕ್ಕದ ಬೀದಿಯವರು ಬಂದು 'ನಮ್ಮ ಹುಡುಗಿ ನಿನ್ನೆ ಯಾರ ಜೊತೆ ಬಸ್ ಹತ್ತಿದಳು, ಸ್ವಲ್ಪ ನೋಡಿ ಹೇಳಿ' ಅಂತ ಕೇಳೋದು ಇನ್ನೊಂದು. ಪರಿಚಯ, ದಾಕ್ಷಿಣ್ಯ. ಇಲ್ಲ ಅನ್ನೋಕೆ ಆಗಲ್ಲ. ಮೊಬೈಲಿನಲ್ಲಿ ಪರದೆಯ ವಿಡಿಯೋ ತೆಗೆದು ವಾಟ್ಸ್‌ಆ್ಯಪ್‌ಗೆ ಕಳಿಸ್ತೀವಿ. ಅಲ್ಲಿಂದ ಅದು ಎಲ್ಲಿಗೆ ಹೋಗುತ್ತೆ, ಆ ಹುಡುಗಿಗೆ ಮನೆಯಲ್ಲಿ ಏನಾಗುತ್ತೆ ಅಂತ ಕ್ಯಾಮೆರಾ ಹಾಕಿಸಿದ ನಿಮಗೂ ಗೊತ್ತಿರಲ್ಲ. ನೀವು ಕಳ್ಳರಿಗೆ ಅಂತ ಹಾಕಿಸಿದ್ದಿರಿ.

ಅದಕ್ಕೆ ಇಷ್ಟು ಮಾಡಬಹುದು. ದೃಶ್ಯವನ್ನು ಯಾರು ಕೇಳಿದರು, ಯಾಕೆ ಅಂತ ಒಂದು ನೋಟ್‌ಬುಕ್‌ನಲ್ಲಿ ಬರೆದಿಡಿ. ಪೊಲೀಸರಿಗೆ ಕೊಡುವಾಗಲೂ ಹೆಸರು, ದಿನಾಂಕ ಬರೆದುಕೊಂಡು ಕೊಡಿ. ಬೇರೆಯವರು ಕೇಳಿದರೆ 'ಸ್ಟೇಷನ್‌ನಲ್ಲಿ ಕಂಪ್ಲೇಂಟ್ ಕೊಡಿ, ಅವರು ಕೇಳಿದರೆ ಕೊಡ್ತೀನಿ' ಅನ್ನಿ. ದಾಕ್ಷಿಣ್ಯಕ್ಕೂ ಅದು ಸುಲಭದ ದಾರಿ. ತಮಾಷೆಯ ದೃಶ್ಯ ಅಂತ ಜಾರಿ ಬಿದ್ದವರದ್ದು, ಜಗಳ ಆಡಿದವರದ್ದು ಗ್ರೂಪಿಗೆ ಹಾಕಬೇಡಿ. ಕೆಲಸದ ಹುಡುಗರಿಗೆ ಪಾಸ್‌ವರ್ಡ್ ಕೊಟ್ಟಿದ್ದರೆ ಬದಲಾಯಿಸಿ.

ನನ್ನ ವಿಷಯ ಹೇಳಬೇಕಲ್ಲ. ನಾನು ವಿಡಿಯೋ ತೆಗೆಯೋದು ಬಿಟ್ಟಿಲ್ಲ, ಬಿಡೋಕೆ ಆಗಲ್ಲ. ಬಸ್ ಕಡಿಮೆ ಇದೆ ಅನ್ನೋದನ್ನ ತೋರಿಸಲೇಬೇಕು, ಇಲ್ಲಾಂದ್ರೆ ಯಾರೂ ನಂಬಲ್ಲ. ಆದರೆ ಈಗ ಹಿಂದಿನಿಂದ ತೆಗೀತೀನಿ. ಬೆನ್ನು, ಚೀಲ, ಕಾಲು, ಬೋರ್ಡು. ಹತ್ತಿರದಿಂದ ಮುಖ ಬೇಕಾದ್ರೆ ಹೋಗಿ ಕೇಳ್ತೀನಿ. ಬೇಡ ಅಂದ್ರೆ ಬಿಡ್ತೀನಿ. ಹಾಕೋ ಮೊದಲು ಮೂಲೆಗಳನ್ನೂ ಒಂದು ಸಲ ನೋಡ್ತೀನಿ, ಅಲ್ಲಿ ಯಾರಿದ್ದಾರೆ ಅಂತ. ವ್ಯೂಸ್ ಸ್ವಲ್ಪ ಕಡಿಮೆ ಆಗಿದೆ, ನಿಜ.

ಆ ಹುಡುಗ ಈಗ ಬೇರೆ ಅಂಗಡಿಯಲ್ಲಿದ್ದಾನೆ. ಮೊನ್ನೆ ಬಸ್ ಸ್ಟ್ಯಾಂಡ್‌ನಲ್ಲಿ ಸಿಕ್ಕಿದ್ದ. ನಾನು ಫೋನ್ ಎತ್ತಿದ್ದು ನೋಡಿ ತಾನೇ ಪಕ್ಕಕ್ಕೆ ಸರಿದು ನಿಂತ. ತೆಗೆದು ಮುಗಿಸಿದ ಮೇಲೆ "ಆಯ್ತಾ ಅಣ್ಣ?" ಅಂದ. ಆಯ್ತು ಅಂದೆ. ಇಬ್ಬರೂ ಟೀ ಕುಡಿದ್ವಿ. ಅವನ ಬಸ್ ಅವತ್ತೂ ಲೇಟಾಗೇ ಬಂತು.